ಎಲ್ಲವನ್ನೂ ಸರಿಮಾಡುವ ಕನ್ನಡಿಗೆ ಕಥೆಯಲ್ಲೇನು ಕೆಲಸ?

ಪ್ರಶ್ನೆ: ನಾನು ಗದಗ ತಾಲ್ಲೂಕಿನ ಪ್ರಾಥಮಿಕ ಶಾಲೆಯೊಂದರ ಶಿಕ್ಷಕಿ. ಮಕ್ಕಳಿಗಾಗಿ ಒಂದು ಕಾದಂಬರಿ ಬರೆಯುತ್ತಿದ್ದೇನೆ. ಲಕ್ಕುಂಡಿಯ ನೀಲಾ ಎಂಬ ಹನ್ನೆರಡು ವರ್ಷದ ಹುಡುಗಿಗೆ ಹಳೇ ಮನೆಯ ಪಾಯ ಅಗೆಯುವಾಗ ಒಂದು ಕನ್ನಡಿ ಸಿಗುತ್ತದೆ. ಎಲ್ಲೋ ಈಗ ನಡೆಯುತ್ತಿರುವ ಕಥೆಗಳು ಅದರಲ್ಲಿ ಕಾಣುತ್ತವೆ. ಕಥೆ ದಾರಿ ತಪ್ಪಿದರೆ ಅವಳು ಒಳಗೆ ಕೈಹಾಕಿ ಸರಿಮಾಡಬಲ್ಲಳು. ಬರೆದದ್ದನ್ನು ತರಗತಿಯಲ್ಲಿ ಓದಿ ಹೇಳುತ್ತೇನೆ. ಮೊದಮೊದಲು ಮಕ್ಕಳು ಅಲುಗಾಡದೆ ಕೇಳಿದರು. ಏಳನೇ ಅಧ್ಯಾಯಕ್ಕೆ ಬಂದಾಗ ಹಿಂದಿನ ಬೆಂಚಿನ ಹುಡುಗನೊಬ್ಬ, “ಏನೂ ಆಗಂಗಿಲ್ಲ ಬಿಡ್ರಿ ಟೀಚರ್, ಅಕಿ ಕನ್ನಡಿ ತಗೊಂಡು ಎಲ್ಲಾ ಸರಿ ಮಾಡ್ತಾಳ” ಅಂದ. ಉಳಿದವರೂ ಹೌದು ಹೌದು ಅಂದರು. ಬರವಣಿಗೆ ಅಲ್ಲಿಗೇ ನಿಂತಿದೆ. ಕನ್ನಡಿಯನ್ನು ಒಡೆದುಬಿಡಲೇ? ಇನ್ನೊಂದು, ನೀಲಾಳಿಗೆ ಅವಳದೇ ಕಥೆ ಅದರಲ್ಲಿ ಕಾಣಬೇಕೇ, ಬೇಡವೇ?

ಉತ್ತರ: ನಮಸ್ಕಾರ. ಕನ್ನಡಿ ಒಡೆಯಬೇಡಿ. ಒಡೆದರೆ ಅದೇ ಹುಡುಗ ಮತ್ತೆ ಕೈ ಎತ್ತುತ್ತಾನೆ: “ಒಡೆಯೂದ ಇತ್ತಂದ್ರ ಮೊದಲ ಯಾಕ ಕೊಟ್ರಿ ಟೀಚರ್?” ಆ ಪ್ರಶ್ನೆಗೆ ಒಳ್ಳೆಯ ಉತ್ತರವಿಲ್ಲ.

ನೀವು ಕಳಿಸಿದ ಏಳೂ ಅಧ್ಯಾಯ ಓದಿದೆ. ಲಕ್ಕುಂಡಿಯ ಓಣಿ, ಪಾಯದ ಮಣ್ಣಿನ ವಾಸನೆ, ಕಸೂತಿ ಹಿಡಿದು ಕೂತ ಅಜ್ಜಿಯ ಬೈಗುಳ, ಎಲ್ಲದರಲ್ಲೂ ಜೀವವಿದೆ. ಮೂರನೇ ಅಧ್ಯಾಯದಿಂದ ಕಥೆ ಸೊರಗತೊಡಗಿದೆ. ಅಲ್ಲಿ ನೀಲಾ ತಪ್ಪಿಸಿಕೊಂಡ ಕರುವನ್ನು ಮನೆ ಮುಟ್ಟಿಸುತ್ತಾಳೆ. ನಾಲ್ಕರಲ್ಲಿ ಹಾಸಿಗೆ ಹಿಡಿದ ಮುದುಕ ಎದ್ದು ಕೂರುತ್ತಾನೆ. ಆರರಲ್ಲಿ ನಪಾಸಾಗಬೇಕಿದ್ದವನು ಪಾಸಾಗುತ್ತಾನೆ. ಕನ್ನಡಿಗೆ ಶಕ್ತಿ ಜಾಸ್ತಿಯಾಯಿತು ಎಂದು ನಿಮಗನ್ನಿಸಿದೆ. ನನಗೆ ಕಾಣುವ ತೊಂದರೆ ಬೇರೆ: ನೀಲಾ ರಿಪೇರಿ ಮಾಡುತ್ತಿರುವ ಈ ಕಥೆಗಳು ಕೆಟ್ಟೇ ಇಲ್ಲ. ಅವು ದುಃಖದ ಕಥೆಗಳು, ಅಷ್ಟೇ. ವಯಸ್ಸಾದವರು ಹಾಸಿಗೆ ಹಿಡಿಯುತ್ತಾರೆ, ಓದದವರು ನಪಾಸಾಗುತ್ತಾರೆ. ಕಥೆ ತನ್ನ ದಾರಿಯಲ್ಲೇ ನಡೆದಿದೆ. ಅದರೊಳಗಿನ ದುಃಖವನ್ನು ಕಿತ್ತು ಹೊರಗಿಟ್ಟರೆ ಕೇಳುವವರಿಗೆ ಉಳಿಯುವುದು ಒಂದು ಶುಭಸುದ್ದಿ ಮಾತ್ರ. ಶುಭಸುದ್ದಿಯನ್ನು ಮಕ್ಕಳು ಎಷ್ಟು ಅಧ್ಯಾಯ ಕೇಳಿಯಾರು?

ಕೆಟ್ಟ ಕಥೆ ಅಂದರೆ ನಿಂತುಹೋದ ಕಥೆ. ಒಳಗಿರುವವರು ಮುಂದಿನ ಹೆಜ್ಜೆ ಇಡಲಾರದೆ ಸಿಕ್ಕಿಬಿದ್ದಿರುತ್ತಾರೆ. ಹೇಳಬೇಕಾದ ಮಾತು ಗಂಟಲಲ್ಲೇ ಉಳಿದಿರುತ್ತದೆ, ಇಲ್ಲವೇ ಒಬ್ಬ ಕಂಡದ್ದನ್ನು ಇನ್ನೊಬ್ಬ ಕಂಡಿರುವುದಿಲ್ಲ, ಇಲ್ಲವೇ ಕೊಟ್ಟ ವಚನ ಕೊಟ್ಟವನಿಗೇ ಮರೆತಿರುತ್ತದೆ. ಇಂಥ ಕಥೆ ವರ್ಷಗಟ್ಟಲೆ ನಿಂತಲ್ಲೇ ನಿಂತಿರುತ್ತದೆ. ನೀಲಾಳ ಕೆಲಸ ಅದನ್ನು ಮತ್ತೆ ನಡೆಸುವುದು. ನಡೆಯತೊಡಗಿದ ಮೇಲೆ ಅದು ಯಾವ ಕಡೆ ಹೋಗುತ್ತದೆ ಎಂಬುದು ಅವಳ ಕೈಯಲ್ಲಿರಬಾರದು. ಇದೊಂದನ್ನು ಒಪ್ಪಿಕೊಂಡರೆ ಸಾಕು, ಹಿಂದಿನ ಬೆಂಚಿನವನಿಗೆ ಮುಂದೇನಾಗುತ್ತದೆ ಎಂದು ಮೊದಲೇ ಹೇಳಲು ಬರುವುದಿಲ್ಲ.

ಇದಕ್ಕೆ ಆಧಾರ ಬೇಕಿದ್ದರೆ ನಿಮ್ಮ ಜಿಲ್ಲೆಯ ಕವಿಯೇ ಇದ್ದಾನೆ. ಯುದ್ಧಕ್ಕೆ ಮುಂಚೆ ಕೃಷ್ಣ ಕರ್ಣನನ್ನು ಒಂದು ಕಡೆ ಕರೆದು ಹುಟ್ಟಿನ ಗುಟ್ಟು ಬಿಚ್ಚುವ ಸಂದರ್ಭವನ್ನು ಕುಮಾರವ್ಯಾಸ ಹೇಗೆ ಹೇಳಿದ್ದಾನೆ, ನೆನಪು ಮಾಡಿಕೊಳ್ಳಿ. ನಡೆಯುತ್ತಿರುವ ಕಥೆಯೊಳಗೆ ಕೈಹಾಕುವುದು ಅಂದರೆ ಇದೇ. ಕೃಷ್ಣನಿಗೆ ಹಿಂದುಮುಂದೆಲ್ಲ ಕಾಣುತ್ತದೆ, ಎಲ್ಲಿ ಮುಟ್ಟಿದರೆ ಎಲ್ಲಿ ಅಲುಗುತ್ತದೆ ಎಂದು ಗೊತ್ತು, ಕೊಡುವುದಕ್ಕೆ ಇಡೀ ರಾಜ್ಯವಿದೆ. ಕೇಳಿದ ಕರ್ಣನ ಕೊರಳ ಸೆರೆ ಉಬ್ಬುತ್ತದೆ, ಕಣ್ಣೀರು ನುಗ್ಗುತ್ತದೆ. ಆದರೆ ಆ ಗಳಿಗೆಯಲ್ಲಿ ಅವನ ಮನಸ್ಸಿಗೆ ಬರುವುದು ಅಯ್ಯೋ, ಕುರುಪತಿಗೆ ಕೇಡಾಯಿತಲ್ಲ ಎಂಬ ಸಂಕಟ. ಸಿಂಹಾಸನದ ಕಡೆ ಅವನು ತಿರುಗಿಯೂ ನೋಡುವುದಿಲ್ಲ. ಕೃಷ್ಣನ ಮನಸ್ಸಿನಲ್ಲಿ ನಿಜಕ್ಕೂ ಏನಿತ್ತು ಎಂಬ ವಾದ ಇವತ್ತಿಗೂ ಗಮಕದ ಕಟ್ಟೆಗಳಲ್ಲಿ ಮುಗಿದಿಲ್ಲ, ಅದು ಇಲ್ಲಿ ಬೇಡ. ನಿಮಗೆ ಬೇಕಾದದ್ದು ಕರ್ಣನ ‘ಒಲ್ಲೆ’. ಎಷ್ಟೇ ಒಳ್ಳೆಯ ರಿಪೇರಿಯಾದರೂ ಕಥೆಯೊಳಗಿನ ಮನುಷ್ಯ ಬೇಡ ಅನ್ನಬಹುದು. ನಿಮ್ಮ ಏಳು ಅಧ್ಯಾಯಗಳಲ್ಲಿ ನೀಲಾಳಿಗೆ ಬೇಡ ಅಂದವರು ಒಬ್ಬರೂ ಇಲ್ಲ. ಮೊದಲು ಅಂಥವರೊಬ್ಬರನ್ನು ತನ್ನಿ.

ಇನ್ನು ನೋಡುವುದು ಮತ್ತು ಸರಿಮಾಡುವುದು. ಎರಡೂ ಶಕ್ತಿಗಳನ್ನು ನೀವು ಒಂದೇ ಪುಟದಲ್ಲಿ ಕೊಟ್ಟುಬಿಟ್ಟಿದ್ದೀರಿ. ಇವು ಬೇರೆ ಬೇರೆ ಬರಬೇಕು, ನಡುವೆ ಒಂದಿಷ್ಟು ಪುಟಗಳ ಯಾತನೆಯಿರಬೇಕು. ವ್ಯಾಸರು ದಿವ್ಯದೃಷ್ಟಿ ಕೊಡಲು ಮೊದಲು ಬಂದದ್ದು ಧೃತರಾಷ್ಟ್ರನ ಹತ್ತಿರ. ನನ್ನವರು ಸಾಯುವುದನ್ನು ನೋಡಲಾರೆ ಎಂದು ಅವನು ಬೇಡ ಅಂದ ಮೇಲೆ ಅದು ಸಂಜಯನಿಗೆ ಹೋಯಿತು. ಸಂಜಯನಿಗೆ ರಣರಂಗವೆಲ್ಲ ಕಾಣುತ್ತದೆ, ಒಂದು ಬಾಣವನ್ನು ತಡೆಯಲು ಅವನಿಂದಾಗುವುದಿಲ್ಲ. ಹಾಗಂತ ಸುಮ್ಮನೆ ವರದಿ ಒಪ್ಪಿಸುವವನೂ ಅಲ್ಲ, ಇದೆಲ್ಲ ನಿನ್ನಿಂದಲೇ ಆಯಿತು ಎಂದು ರಾಜನ ಮುಖದ ಮೇಲೆ ಹೇಳುತ್ತಾನೆ. ದುರ್ಯೋಧನ ತೀರಿಕೊಂಡ ಮೇಲೆ ಆ ದೃಷ್ಟಿಯೂ ಹೊರಟುಹೋಗುತ್ತದೆ. ನೀಲಾಳನ್ನು ಎರಡು ಅಧ್ಯಾಯ ಸಂಜಯನ ಜಾಗದಲ್ಲಿ ಕೂರಿಸಿ. ಅವಳಿಗೆ ಕಾಣಲಿ, ಕೈ ಮಾತ್ರ ಹೋಗದಿರಲಿ. ಯಾರಿಗಾದರೂ ಓಡಿಹೋಗಿ ಹೇಳಲಿ, ಅವರು ನಂಬದಿರಲಿ.

ನಂಬಿಕೆಯ ಮಾತು ಬಂದದ್ದರಿಂದ ಅಂಜನದ ಬಗ್ಗೆ ಒಂದೆರಡು ಮಾತು. ಕಳವಾದರೆ ವೀಳ್ಯದೆಲೆಗೋ ಹೆಬ್ಬೆರಳ ಉಗುರಿಗೋ ಕಪ್ಪು ಸವರಿ ಒಂದು ಮಗುವನ್ನು ಕೂರಿಸಿ ‘ಏನು ಕಾಣಸ್ತದ ಹೇಳು’ ಎಂದು ಕೇಳುವುದನ್ನು ನಿಮ್ಮ ಹಿರಿಯರು ಬಲ್ಲರು. ಕಾಲು ಮುಂದಾಗಿ ಹುಟ್ಟಿದವರಿಗೆ ನೆಲದೊಳಗಿನದು ಕಾಣುತ್ತದೆ ಎಂಬ ಮಾತೂ ಇದೆ. ಆಚರಣೆಯಾಗಿ ಅದು ಅಪಾಯದ್ದು, ತಪ್ಪು ಮಾಡದವರ ಮೇಲೆ ಕಳ್ಳತನ ಹೊರಿಸಿಬಿಡುತ್ತದೆ. ಕಥೆಗಾರ್ತಿಯಾಗಿ ನೀವು ಗಮನಿಸಬೇಕಾದದ್ದು ಅದರ ಕಟ್ಟಡವನ್ನು: ಗರಜು ಇರುವವರು ಒಬ್ಬರು, ನೋಡುವವರು ಇನ್ನೊಬ್ಬರು. ಮಗು ಹೇಳಿದ್ದನ್ನು ದೊಡ್ಡವರು ತಮಗೆ ಬೇಕಾದ ಹಾಗೆ ತಿರುಗಿಸಿಕೊಳ್ಳುತ್ತಾರೆ. ನೀಲಾಳ ಕನ್ನಡಿಯ ಸುದ್ದಿ ಓಣಿಗೆ ಹಬ್ಬಿದರೆ ಆಗುವುದೂ ಅದೇ. ಆ ಭಾಗವನ್ನು ಭಯಪಡದೆ ಬರೆಯಿರಿ. ಮಕ್ಕಳಿಗೆ ದೊಡ್ಡವರ ಈ ಗುಣ ಚೆನ್ನಾಗಿ ಗೊತ್ತು.

ಈಗ ಕನ್ನಡಿಯ ವಿಷಯಕ್ಕೇ ಬರೋಣ. ನಿಮ್ಮ ಎರಡನೇ ಅಧ್ಯಾಯದಲ್ಲಿ ಅದು ಗಾಜಿನ ಕನ್ನಡಿ, ಸುತ್ತ ಮರದ ಚೌಕಟ್ಟು, ‘ಚಾಲುಕ್ಯರ ಕಾಲದ್ದು’ ಎಂದು ಹೆಡ್ ಮಾಸ್ತರರು ಹೇಳುತ್ತಾರೆ. ಇದನ್ನು ಬದಲಿಸಲೇಬೇಕು. ಗಾಜಿನ ಹಿಂದೆ ಬೆಳ್ಳಿ ಲೇಪಿಸುವ ವಿಧಾನ ಜರ್ಮನಿಯಲ್ಲಿ ಬಂದದ್ದು 1835ರಲ್ಲಿ. ಲಕ್ಕುಂಡಿಯಲ್ಲಿ ಅತ್ತಿಮಬ್ಬೆ ಬ್ರಹ್ಮ ಜಿನಾಲಯ ಕಟ್ಟಿಸಿದ್ದು 1007ರಲ್ಲಿ. ಆ ಕಾಲದ ಕನ್ನಡಿ ಅಂದರೆ ಲೋಹದ್ದು: ತಾಮ್ರಕ್ಕೆ ತವರ ಬೆರೆಸಿ ಎರಕ ಹೊಯ್ದು, ಮುಖ ಕಾಣುವವರೆಗೆ ಉಜ್ಜಿದ ದುಂಡನೆಯ ಬಿಲ್ಲೆ, ಹಿಡಿಯಲು ಕಾವು. ಬೇಲೂರಿನ ದರ್ಪಣಸುಂದರಿ ಕೈಯಲ್ಲಿ ಹಿಡಿದು ನಿಂತಿರುವುದು ಅಂಥದ್ದನ್ನೇ. ಕೇರಳದ ಆರನ್ಮುಳದಲ್ಲಿ ಇವತ್ತಿಗೂ ಲೋಹದ ಕನ್ನಡಿ ಮಾಡುತ್ತಾರೆ. ಲಕ್ಕುಂಡಿಯಲ್ಲಿ ಇಂಥ ಬಿಲ್ಲೆ ಸಿಗುವುದು ಕಥೆಯ ಮಟ್ಟಿಗೆ ಅಸಹಜವೂ ಅಲ್ಲ. ಅದು ಆಗ ಟಂಕಸಾಲೆಯಿದ್ದ ಊರು, ಲೊಕ್ಕಿ ಗದ್ಯಾಣ ಎಂಬ ನಾಣ್ಯಕ್ಕೆ ಆ ಊರಿನದೇ ಹೆಸರು. ಲೋಹ ಕರಗಿಸಿ ಹದ ಮಾಡುವ ಕೈಗಳು ಅಲ್ಲಿ ಇದ್ದೇ ಇದ್ದವು.

ಇತಿಹಾಸ ಸರಿ ಇರಲಿ ಎಂಬ ಒಂದೇ ಕಾರಣಕ್ಕೆ ಇಷ್ಟು ಹೇಳಲಿಲ್ಲ. ಮನೆಯ ಗಾಜಿನ ಕನ್ನಡಿಗೆ ಬೆರಳು ತುದಿ ಮುಟ್ಟಿಸಿ ಓರೆಯಿಂದ ನೋಡಿ. ನಿಮ್ಮ ಬೆರಳಿಗೂ ಬಿಂಬದ ಬೆರಳಿಗೂ ನಡುವೆ ಒಂದು ಸಣ್ಣ ಸಂದು ಕಾಣುತ್ತದೆ. ಬೆಳ್ಳಿಯ ಲೇಪ ಹಿಂದೆ ಇದೆ, ಗಾಜಿನ ದಪ್ಪ ನಡುವೆ ಇದೆ. ಉಜ್ಜಿದ ಲೋಹದ ಕನ್ನಡಿಯಲ್ಲಿ ಆ ಸಂದು ಇರುವುದಿಲ್ಲ. ಬೆರಳಿಟ್ಟರೆ ಒಳಗಿನ ಬೆರಳು ಬಂದು ತುದಿಗೆ ತುದಿ ತಾಗುತ್ತದೆ. ನಿಮ್ಮ ಜಾದೂ ಇರಬೇಕಾದದ್ದು ಈ ಜಾಗದಲ್ಲಿ. ಗಾಜಿನದರಲ್ಲಿ ನೋಡಬಹುದು, ಲೋಹದ್ದರಲ್ಲಿ ಮುಟ್ಟಬಹುದು. ಮುಟ್ಟುವುದೂ ಬೆರಳ ತುದಿಯಷ್ಟೇ. ಮೊಣಕೈತನಕ ಕೈಹಾಕಿ ಕರು ಎಳೆದು ತರುವುದು ಇನ್ನು ಮುಂದೆ ಸಾಧ್ಯವಿಲ್ಲ. ಒಂದು ಬೆರಳು ಏನನ್ನು ಅಲುಗಿಸಬಲ್ಲದೋ ಅಷ್ಟೇ: ಲೋಟ ಉರುಳಿಸಬಹುದು, ಪುಟ ಮಗುಚಬಹುದು, ಚಿಲಕ ಜಾರಿಸಬಹುದು, ದೀಪದ ಬತ್ತಿ ಒಳಕ್ಕೆ ಒತ್ತಬಹುದು. ಮಾತಾಡಲು ಆಗುವುದಿಲ್ಲ. ಈ ಪ್ರಯೋಗವನ್ನು ತರಗತಿಯಲ್ಲಿ ಮಕ್ಕಳಿಂದಲೇ ಮಾಡಿಸಿ. ಗಾಜಿನ ಕನ್ನಡಿ ಒಂದು, ಚೆನ್ನಾಗಿ ಬೆಳಗಿದ ಸ್ಟೀಲ್ ತಾಟು ಒಂದು ಇದ್ದರೆ ಸಾಕು. ಆಮೇಲೆ ನೀಲಾ ಬೆರಳಿಟ್ಟ ಕೂಡಲೇ ಪ್ರತಿಯೊಬ್ಬರ ಬೆರಳ ತುದಿಗೂ ತಣ್ಣಗಾಗುತ್ತದೆ.

ಸಮಯದ ಮಿತಿಯೂ ಬೇಕು, ಅದಕ್ಕೂ ಗದಗಿನಲ್ಲೇ ದಾರಿಯಿದೆ. ಕುಮಾರವ್ಯಾಸ ಸ್ನಾನ ಮಾಡಿ ಒದ್ದೆ ಬಟ್ಟೆಯಲ್ಲೇ ವೀರನಾರಾಯಣ ಗುಡಿಯ ಕಂಬಕ್ಕೆ ಒರಗಿ ಕೂರುತ್ತಿದ್ದ, ಬಟ್ಟೆ ಒಣಗುವತನಕ ಮಾತ್ರ ಕಾವ್ಯ ಹರಿಯುತ್ತಿತ್ತು ಎಂಬ ಐತಿಹ್ಯ ನಿಮ್ಮ ಮಕ್ಕಳಿಗೂ ಗೊತ್ತಿರಬೇಕು. ಮಿತಿ ಅಂದರೆ ಹೀಗಿರಬೇಕು. ಗಡಿಯಾರ ನೋಡಿ ತಿಳಿಯುವ ಮಿತಿಗಿಂತ ಮೈಮೇಲೆ ಆರುತ್ತಿರುವ ಒದ್ದೆ ಹೆಚ್ಚು ಹೆದರಿಸುತ್ತದೆ. ನೀಲಾಳ ಕನ್ನಡಿ ಲಕ್ಕುಂಡಿಯ ಹಳೇ ಮುಸುಕಿನ ಬಾವಿಯ ನೀರು ಸವರಿದಾಗ ತೆರೆಯಲಿ, ನೀರು ಆರಿದೊಡನೆ ಮುಚ್ಚಲಿ. ಶ್ರಾವಣದ ಸೋನೆಯಲ್ಲಿ ನಿಧಾನವಾಗಿ ಆರುತ್ತದೆ, ಏಪ್ರಿಲ್ ಬಿಸಿಲಿಗೆ ಅವಳು ಕಣ್ಣು ಅಗಲಿಸುವಷ್ಟರಲ್ಲಿ ಆರಿಹೋಗುತ್ತದೆ. ಬಾವಿಯ ನೀರು ತಳ ಕಂಡರೆ? ಅದನ್ನು ಹತ್ತನೇ ಅಧ್ಯಾಯಕ್ಕೆ ಇಟ್ಟುಕೊಳ್ಳಿ. ಇದಕ್ಕಿಂತ ಹೆಚ್ಚು ನಿಯಮ ಬೇಡ. ಮಂತ್ರ, ಶಾಪ, ಅಮಾವಾಸ್ಯೆ ಏನೂ ಬೇಡ.

ರಿಪೇರಿಯ ರೀತಿ ಹೇಗಿರಬೇಕು ಎಂಬುದು ನಿಮ್ಮ ಪುಸ್ತಕದಲ್ಲೇ ಇದೆ, ನೀವು ಬಳಸಿಲ್ಲ. ನೀಲಾಳ ಅಜ್ಜಿ ಕಸೂತಿ ಹಾಕುತ್ತಾಳೆ. ಒಂದನೇ ಅಧ್ಯಾಯದಲ್ಲಿ ಅವಳ ತೊಡೆಯ ಮೇಲೆ ಇಳಕಲ್ ಸೀರೆಯ ಸೆರಗು ಬಿದ್ದಿದೆ, ಆಮೇಲೆ ಆ ಸೆರಗು ಎಲ್ಲಿ ಹೋಯಿತೋ ಗೊತ್ತಿಲ್ಲ. ಗಾವಂತಿ ಹೊಲಿಗೆ ಹಾಕುವುದನ್ನು ಹತ್ತಿರ ಕೂತು ನೋಡಿ. ಬಟ್ಟೆಯ ಮೇಲೆ ಗೆರೆ ಬರೆದುಕೊಳ್ಳುವುದಿಲ್ಲ, ಎಳೆ ಎಣಿಸಿಕೊಂಡೇ ಸೂಜಿ ಹೋಗುತ್ತದೆ. ಹೋಗುವಾಗ ಒಂದು ಹೊಲಿಗೆ ಮೇಲೆ, ಒಂದು ಕೆಳಗೆ. ಆಗ ನೋಡಿದರೆ ಗೋಪುರವೂ ಅರ್ಧ, ಆನೆಯೂ ಅರ್ಧ. ಕೊನೆ ಮುಟ್ಟಿದ ಮೇಲೆ ಅದೇ ದಾರಿಯಲ್ಲಿ ಹಿಂದಕ್ಕೆ ಬರುತ್ತ, ಬಿಟ್ಟುಹೋದ ಸಂದುಗಳನ್ನು ತುಂಬುತ್ತಾರೆ. ಗಂಟು ಹಾಕುವುದಿಲ್ಲ. ಮುಗಿದಾಗ ಸೆರಗನ್ನು ತಿರುವಿದರೆ ಒಳಗೂ ಹೊರಗೂ ಒಂದೇ ಚಿತ್ರ.

ನೀಲಾಳ ರಿಪೇರಿಗೆ ಇದೇ ಕ್ರಮ ಇರಲಿ. ಒಂದು ಕಥೆಯನ್ನು ಅವಳು ಮೊದಲು ಒಬ್ಬರು ನಿಂತ ಜಾಗದಿಂದ ನೋಡುತ್ತಾಳೆ, ಮುಟ್ಟುತ್ತಾಳೆ. ಅದು ಅರ್ಧ. ಅದೇ ದಾರಿಯನ್ನು ಇನ್ನೊಬ್ಬರ ಕಡೆಯಿಂದ ನಡೆದು ಬಂದ ಹೊರತು ಹೊಲಿಗೆ ಕೂಡುವುದಿಲ್ಲ. ಈ ನಿಯಮವನ್ನು ಅವಳಿಗೆ ಯಾರೂ ಹೇಳಿಕೊಡಬಾರದು. ಅಜ್ಜಿ ಹೇಳುವುದು ಕಸೂತಿಯ ಬಗ್ಗೆ ಮಾತ್ರ: “ತಿರುವಿ ನೋಡ ತಂಗಿ, ಹಿಂದ ಹೆಂಗ್ ಕಾಣಸ್ತದ.” ಕೇಳುವ ಮಕ್ಕಳಲ್ಲಿ ಯಾರೋ ಒಬ್ಬಳು ನೀಲಾಳಿಗಿಂತ ಮೊದಲೇ ಅದನ್ನು ಹಿಡಿಯುತ್ತಾಳೆ. ಆ ಖುಷಿಯನ್ನು ಅವರಿಂದ ಕಿತ್ತುಕೊಳ್ಳಬೇಡಿ.

ಇದು ಹೇಗೆ ನಡೆಯುತ್ತದೆ ಎಂದು ಒಂದು ಕಥೆ ಹಾಕಿ ತೋರಿಸುತ್ತೇನೆ. ಬೇಕಿದ್ದರೆ ಇದನ್ನೇ ಏಳನೇ ಅಧ್ಯಾಯಕ್ಕೆ ಇಟ್ಟುಕೊಳ್ಳಿ. ಬ್ಯಾಡಗಿ ಕಡೆಯ ಒಂದು ಹಳ್ಳಿ, ಮೆಣಸಿನಕಾಯಿ ಕಣ. ಅಣ್ಣತಮ್ಮಂದಿರ ಕೂಡುಬೇಸಾಯ. ಒಂದು ರಾತ್ರಿ ತಮ್ಮ ಕಣದ ಕಡೆ ಬಂದಾಗ ಅಣ್ಣ ತಂಬಿಗೆ ಹಿಡಿದು ಒಣಗಿದ ರಾಶಿಗೆ ನೀರು ಚಿಮುಕಿಸುವುದು ಕಾಣುತ್ತದೆ. ತೂಕ ಹೆಚ್ಚಿಸುತ್ತಿದ್ದಾನೆ, ಅಪ್ಪನ ಹೆಸರು ಮಾರುಕಟ್ಟೆಯಲ್ಲಿ ಮಣ್ಣುಪಾಲು ಮಾಡುತ್ತಾನೆ ಎಂದುಕೊಂಡು ತಮ್ಮ ಸುಮ್ಮನೆ ಹಿಂದಿರುಗುತ್ತಾನೆ. ಕೇಳುವುದಿಲ್ಲ. ಅವತ್ತಿನಿಂದ ಮಾತು ಬಂದ್. ಕಥೆ ನಿಂತಿತು.

ನೀಲಾ ನೋಡುವುದು ತಮ್ಮ ನಿಂತ ಕತ್ತಲೆಯಿಂದ. ಅವಳಿಗೂ ಅವನಷ್ಟೇ ಸಿಟ್ಟು ಬರುತ್ತದೆ. ಅಣ್ಣ ಮತ್ತೆ ತಂಬಿಗೆ ತುಂಬಿ ರಾಶಿಯ ಪಕ್ಕ ಇಟ್ಟ ರಾತ್ರಿ ಅವಳು ಬೆರಳಿಂದ ಒತ್ತಿ ಉರುಳಿಸುತ್ತಾಳೆ. ನೀರು ನೆಲದ ಪಾಲು. ಕೆಲಸ ಮುಗಿಯಿತು ಅಂದುಕೊಂಡು ಮಲಗುತ್ತಾಳೆ. ಬೆಳಿಗ್ಗೆ ಚೀಲಕ್ಕೆ ತುಂಬಿ ತುಳಿಯುವಾಗ ಒಣಕಾಯಿ ಚಟಚಟ ಮುರಿಯುತ್ತದೆ, ಬೀಜ ಉದುರಿ ತಳ ಸೇರುತ್ತದೆ. ಮಾರುಕಟ್ಟೆಯಲ್ಲಿ ಖರೀದಿದಾರ ಚೀಲದೊಳಗೆ ಕೈಹಾಕಿ ಒಂದು ಹಿಡಿ ತೆಗೆದು ನೋಡಿ, ಮುರಿದ ಕಾಯಿ ಅಂಗೈಯಿಂದ ಸುರುವಿ, ದರ ಇಳಿಸಿ ಬರೆಯುತ್ತಾನೆ. ತಂಬಿಗೆ ಉರುಳಿಸಿದವನು ತಮ್ಮನೇ ಎಂದು ಅಣ್ಣ ತಿಳಿಯುತ್ತಾನೆ. ಮೌನ ಇದ್ದಲ್ಲಿ ಜಗಳ ಬಂತು.

ಈಗ ಹಿಂದಿರುಗುವ ಹೊಲಿಗೆ. ಆದದ್ದನ್ನು ಕನ್ನಡಿ ಅಳಿಸುವುದಿಲ್ಲ, ಅದು ಈಗ ನಡೆಯುವುದನ್ನಷ್ಟೇ ತೋರಿಸುತ್ತದೆ. ಆದರೆ ಮೆಣಸಿನಕಾಯಿ ಒಂದೇ ಸಲಕ್ಕೆ ಬಿಡಿಸಿ ಮುಗಿಯುವ ಬೆಳೆಯಲ್ಲ, ಮುಂದಿನ ಕೊಯ್ಲಿನ ರಾಶಿ ಕಣಕ್ಕೆ ಬರುತ್ತದೆ. ಈ ಸಲ ನೀಲಾ ಅಣ್ಣನ ಪಕ್ಕದಿಂದ ನೋಡುತ್ತಾಳೆ. ಅವನು ನಾಲ್ಕು ಬೆರಳು ಅದ್ದಿ ಹನಿ ಚಿಮುಕಿಸಿ, ಒಂದು ಕಾಯಿ ಎತ್ತಿ ಕಿವಿಯ ಹತ್ತಿರ ಹಿಡಿದು ಬಗ್ಗಿಸುತ್ತಾನೆ. ಚಟ್ ಅಂದರೆ ಇನ್ನೊಂದು ಚಿಮುಕು. ಮುರಿಯದೆ ಬಾಗಿತೋ, ನಿಲ್ಲಿಸುತ್ತಾನೆ. ಜಾಸ್ತಿಯಾದರೆ ಬೂಸು ಹಿಡಿಯುತ್ತದೆ ಎಂದು ಅವನಿಗೆ ಗೊತ್ತು. ಚೀಲ ತುಂಬುವಾಗ ಮುರಿಯದಿರಲಿ ಎಂದು ಅಪ್ಪ ಮಾಡುತ್ತಿದ್ದದ್ದು ಇದನ್ನೇ. ತಮ್ಮನಿಗೆ ಯಾರೂ ತೋರಿಸಿರಲಿಲ್ಲ. ನೀಲಾಳ ಬೆರಳಿಗೆ ಈಗ ಇರುವ ಕೆಲಸ ಒಂದೇ, ಮನೆಯ ಬಾಗಿಲ ಚಿಲಕ ಸದ್ದು ಮಾಡಿಸಿ ತಮ್ಮನನ್ನು ಎಬ್ಬಿಸುವುದು. ಅವನು ಕಣಕ್ಕೆ ಬರುತ್ತಾನೆ, ಈ ಸಲ ಆ ಚಟ್ ಸದ್ದು ಕೇಳುವಷ್ಟು ಹತ್ತಿರ. ಅಣ್ಣ ತಲೆ ಎತ್ತುತ್ತಾನೆ, ಒಂದು ಕಾಯಿ ಮುಂದೆ ಚಾಚುತ್ತಾನೆ. ಕನ್ನಡಿಯ ನೀರು ಆರುತ್ತಿದೆ. ತಮ್ಮ ಕೈ ಚಾಚುತ್ತಾನೋ, ತಿರುಗಿ ಹೋಗುತ್ತಾನೋ?

ಓದುವುದನ್ನು ಇಲ್ಲಿ ನಿಲ್ಲಿಸಿ, ಪುಸ್ತಕ ಮುಚ್ಚಿ. ಅವತ್ತು ಹಿಂದಿನ ಬೆಂಚು ಸುಮ್ಮನಿರುವುದಿಲ್ಲ. ತಮ್ಮನದೇ ತಪ್ಪು ಅನ್ನುವವರು, ಅಣ್ಣ ಮೊದಲೇ ಹೇಳಬೇಕಿತ್ತು ಅನ್ನುವವರು, ನೀಲಾ ತಂಬಿಗೆ ಉರುಳಿಸಿದ್ದನ್ನು ಯಾರಿಗೆ ಹೇಳಬೇಕು ಎಂದು ಕೇಳುವವರು ಇದ್ದೇ ಇರುತ್ತಾರೆ. ಕೊನೆಯ ಪ್ರಶ್ನೆ ಕೇಳಿದ ಮಗುವಿನ ಮಾತನ್ನು ಬರೆದಿಟ್ಟುಕೊಳ್ಳಿ, ನಿಮ್ಮ ಮುಂದಿನ ಅಧ್ಯಾಯ ಅಲ್ಲಿಂದ ಹೊರಡುತ್ತದೆ. ನೀಲಾಳ ಬೆರಳು ಮಾಡಿದ ನಷ್ಟ ಆ ಮನೆಯ ಲೆಕ್ಕದಲ್ಲಿದೆ, ಅವಳಿಗೆ ಅದು ಗೊತ್ತು, ಅವಳ ಹೊರತು ಇನ್ನಾರಿಗೂ ಗೊತ್ತಿಲ್ಲ.

ನಿಮ್ಮ ಎರಡನೇ ಪ್ರಶ್ನೆಗೆ ಉತ್ತರವೂ ಇಲ್ಲೇ ಇದೆ. ಯಾವ ಕನ್ನಡಿಯಾದರೂ ಮೊದಲು ತೋರಿಸುವುದು ನೋಡುವವರ ಮುಖವನ್ನು. ನಿಮ್ಮದರಲ್ಲಿ ನೀಲಾಳ ಮುಖ ಒಮ್ಮೆಯೂ ಬಂದಿಲ್ಲ. ನೀರು ಆರಿದ ಕೂಡಲೇ ಬರಲಿ. ಅಣ್ಣತಮ್ಮಂದಿರು ಮಾಯವಾದ ಜಾಗದಲ್ಲಿ ಅವಳ ಮುಖ ಇರುತ್ತದೆ, ಆಗ ಬೆರಳಿಟ್ಟರೆ ಬರೀ ತಣ್ಣನೆಯ ಲೋಹ. ಅವಳದೇ ಕಥೆ ಅವಳಿಗೆ ಕಾಣಲಿ, ಆದರೆ ಕನ್ನಡಿಯಿಂದ ಅದನ್ನು ಸರಿಮಾಡಲು ಬರದಿರಲಿ. ಒಂದನೇ ಅಧ್ಯಾಯದಲ್ಲಿ ಪುಣೆಗೆ ದುಡಿಯಲು ಹೋದ ಅವಳ ಅಪ್ಪನ ಮಾತು ಒಂದು ಸಾಲಿನಲ್ಲಿ ಬಂದು ಹೋಗಿದೆ, ಫೋನು ಬಂದರೆ ಅವಳು ಒಳಗೆ ಎದ್ದು ಹೋಗುತ್ತಾಳೆ. ಆ ಮನೆಯಲ್ಲಿ ನಿಂತುಹೋಗಿರುವ ಕಥೆ ಅದು. ಅದಕ್ಕೆ ಅವಳು ಬಾಯಿ ಬಿಟ್ಟು ಮಾತಾಡಲೇಬೇಕು. ಅಪ್ಪ ಒಲ್ಲೆ ಅನ್ನಲೂಬಹುದು.

ಕೆಲಸದ ಕ್ರಮ ಹೀಗೆ ಇಟ್ಟುಕೊಳ್ಳಿ. ಒಂದನೇ ಅಧ್ಯಾಯ ಮುಟ್ಟಬೇಡಿ, ಅಜ್ಜಿಯ ಸೆರಗಿಗೆ ನಾಲ್ಕು ಸಾಲು ಸೇರಿಸಿದರೆ ಸಾಕು. ಎರಡರಲ್ಲಿ ಗಾಜು ತೆಗೆದು ಲೋಹ ಮಾಡಿ. ಅಷ್ಟು ತವರ ಬೆರೆತ ಲೋಹ ಪೆಡಸು, ಬಿದ್ದರೆ ಗಾಜಿನಂತೆಯೇ ಒಡೆಯುತ್ತದೆ, ಆದ್ದರಿಂದ ನಿಮ್ಮಲ್ಲಿ ಗುದ್ದಲಿಯ ಪೆಟ್ಟು ತಿಂದೂ ಅದು ಉಳಿಯುವ ಸಾಲನ್ನು ಬದಲಿಸಿ ಹತ್ತಿರದ ಮಣ್ಣನ್ನು ಕೈಯಿಂದ ಕೆದಕಿಸಿ. ಮೂರು ಮತ್ತು ನಾಲ್ಕರಲ್ಲಿ ಕರು, ಮುದುಕ ಇಬ್ಬರೂ ಇರಲಿ, ನೀಲಾ ಬರೀ ನೋಡಲಿ. ಕರು ಸಿಗದಿರಲಿ, ಮುದುಕ ಏಳದಿರಲಿ. ಐದರಲ್ಲಿ ಮೊದಲ ಸಲ ಬೆರಳು ಒಳಗೆ ತಾಗಲಿ. ಆರನೆಯದನ್ನು ಪೂರ್ತಿ ತೆಗೆದುಹಾಕಿ. ಪರೀಕ್ಷೆಯ ಆ ಹುಡುಗನ ಮೇಲೆ ನಿಮಗೆ ಪ್ರೀತಿಯಿದೆ ಎಂದು ಕಾಣುತ್ತದೆ. ಅವನನ್ನು ನೀಲಾಳ ತರಗತಿಗೆ ಕರೆತಂದು ಹಿಂದಿನ ಬೆಂಚಿನಲ್ಲಿ ಕೂರಿಸಿ. ಕನ್ನಡಿಯಿದ್ದರೂ ನಪಾಸಾದವನು ಅವನು, ಅವಳಿಗೆ ಕೇಳಬೇಕಾದದ್ದನ್ನು ಅವನೇ ಕೇಳಲಿ.